ಶಿಕ್ಷೆ ತೀರಾ ಜಾಸ್ತಿಯಾಯಿತು, ಕೋರ್ಟ್ ಕಡಿಮೆ ಮಾಡುತ್ತದೆಯೇ?

ಪ್ರಶ್ನೆ: ನಾನು ತಾಲ್ಲೂಕು ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕನಾಗಿದ್ದೆ. ಅಮ್ಮನಿಗೆ ಲಕ್ವ ಹೊಡೆದಾಗ, ರಜೆ ಮಂಜೂರಾಗದಿದ್ದರೂ ನಾಲ್ಕು ತಿಂಗಳು ಊರಲ್ಲೇ ಉಳಿದೆ. ಇಲಾಖಾ ವಿಚಾರಣೆ ನಡೆಸಿ ವಜಾ ಮಾಡಿದರು. ಮೇಲ್ಮನವಿಯನ್ನೂ ಎರಡೇ ಸಾಲಿನಲ್ಲಿ ತಳ್ಳಿಹಾಕಿದರು. ಕೋರ್ಟಿಗೆ ಹೋದರೆ ಕೆಲಸ ವಾಪಸ್ ಸಿಗುತ್ತದೆಯೇ?
– ಓದುಗರು, ಹಾವೇರಿ ಜಿಲ್ಲೆ

ಉತ್ತರ: ನಿಮ್ಮ ಕಷ್ಟ ಅರ್ಥವಾಗುತ್ತದೆ. ಆದರೆ ‘ಶಿಕ್ಷೆ ಜಾಸ್ತಿಯಾಯಿತು’ ಎಂಬ ಒಂದೇ ಮಾತನ್ನು ನಂಬಿ ಹೋಗಬೇಡಿ. ನೀವು ಮೊದಲು ಹೋಗಬೇಕಾದದ್ದು ಹೈಕೋರ್ಟಿಗಲ್ಲ, ಸರ್ಕಾರಿ ನೌಕರರ ಸೇವಾ ವಿವಾದಗಳನ್ನು ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ (ಇಬ್ಬರು ನ್ಯಾಯಮೂರ್ತಿಗಳ ಪೀಠ) ಇದೆ.

ಮಂಡಳಿಯಾಗಲಿ ಕೋರ್ಟಾಗಲಿ ನಿಮ್ಮ ವಿಚಾರಣೆಯನ್ನು ಮತ್ತೆ ಮೊದಲಿನಿಂದ ನಡೆಸುವುದಿಲ್ಲ. ವಿಚಾರಣೆ ನಿಯಮದ ಪ್ರಕಾರ ನಡೆಯಿತೇ, ಆರೋಪಕ್ಕೆ ಒಂದಿಷ್ಟಾದರೂ ಸಾಕ್ಷ್ಯ ಇದೆಯೇ ಎಂದಷ್ಟೇ ನೋಡುತ್ತದೆ. ಶಿಕ್ಷೆಯ ಪ್ರಮಾಣದಲ್ಲಿ ಕೈಹಾಕುವುದು ಇನ್ನೂ ಅಪರೂಪ. ಶಿಕ್ಷೆ ನ್ಯಾಯಾಲಯದ ಮನಸ್ಸಾಕ್ಷಿಗೆ ಆಘಾತ ತರುವಂತಿರಬೇಕು ಎಂದು ಸುಪ್ರೀಂ ಕೋರ್ಟ್ 1995ರ ಚತುರ್ವೇದಿ ಪ್ರಕರಣದಲ್ಲಿ ಹೇಳಿದೆ. ಆಗಲೂ ಸಾಮಾನ್ಯವಾಗಿ ‘ಮತ್ತೆ ಯೋಚಿಸಿ’ ಎಂದು ಇಲಾಖೆಗೇ ವಾಪಸ್ ಕಳಿಸುತ್ತದೆ.

ಹಾಗಾಗಿ ನಿಮ್ಮ ಬಲ ಇರುವುದು ಫೈಲಿನಲ್ಲಿ. ವಿಚಾರಣಾಧಿಕಾರಿಯ ವರದಿ ತೆಗೆದು ಕೂತು ಓದಿ. ‘ಗೈರು ಸಾಬೀತಾಗಿದೆ’ ಎಂದಷ್ಟೇ ಬರೆದಿದ್ದಾರೆಯೇ ಅಥವಾ ಬೇಕೆಂದೇ ಗೈರಾದರು ಎಂದು ಕಾರಣ ಸಹಿತ ಬರೆದಿದ್ದಾರೆಯೇ? ಈ ವ್ಯತ್ಯಾಸದ ಮೇಲೆ ಇಡೀ ಪ್ರಕರಣ ನಿಲ್ಲಬಹುದು. 2012ರ ಕೃಷ್ಣಕಾಂತ್ ಪರ್ಮಾರ್ ತೀರ್ಪಿನ ಪ್ರಕಾರ, ಗೈರು ಉದ್ದೇಶಪೂರ್ವಕ ಎಂದು ಸಾಬೀತಾಗದಿದ್ದರೆ ಅದು ದುರ್ನಡತೆ ಆಗುವುದಿಲ್ಲ. ಅನಾರೋಗ್ಯ, ಆಸ್ಪತ್ರೆವಾಸದಂಥ ಕೈಮೀರಿದ ಕಾರಣಗಳನ್ನು ಲೆಕ್ಕಕ್ಕೆ ತೆಗೆದುಕೊಳ್ಳಲೇಬೇಕು. ಅಮ್ಮನ ಡಿಸ್ಚಾರ್ಜ್ ಸಮ್ಮರಿ, ನೀವು ಕಳಿಸಿದ ರಜೆ ಅರ್ಜಿ, ಅದರ ಅಂಚೆ ರಸೀದಿಗಳನ್ನು ವಿಚಾರಣೆಯಲ್ಲೇ ಹಾಜರುಪಡಿಸಿದ್ದೀರಿ ಅಲ್ವಾ? ಹಾಗಿದ್ದರೆ ವರದಿ ಅವುಗಳ ಬಗ್ಗೆ ಏನು ಹೇಳಿದೆ ನೋಡಿ. ಏನೂ ಹೇಳದೆ ಬಿಟ್ಟಿದ್ದರೆ ಅದೇ ನಿಮ್ಮ ಮೊದಲ ವಾದ.

ಶಿಕ್ಷೆ ವಿಧಿಸುವ ಮೊದಲು ಆ ವರದಿಯ ಪ್ರತಿ ಕೊಟ್ಟು ನಿಮ್ಮ ಉತ್ತರ ಕೇಳಬೇಕಿತ್ತು. 1993ರ ಕರುಣಾಕರ್ ತೀರ್ಪಿನಿಂದ ಇದು ಗಟ್ಟಿಯಾಗಿದೆ. ಆದರೆ ಪ್ರತಿ ಕೊಡಲಿಲ್ಲ ಎಂದರೆ ಸಾಲದು, ಅದರಿಂದ ನಿಮಗೆ ಏನು ತೊಂದರೆಯಾಯಿತು ಎಂದೂ ತೋರಿಸಬೇಕು.

ಇನ್ನು ಆ ಎರಡು ಸಾಲಿನ ಆದೇಶ. ಮೇಲ್ಮನವಿ ಪ್ರಾಧಿಕಾರ ಸುಮ್ನೆ ‘ತಿರಸ್ಕರಿಸಿದೆ’ ಎಂದು ಬರೆದು ಕೈತೊಳೆದುಕೊಳ್ಳುವಂತಿಲ್ಲ. ಶಿಕ್ಷೆ ಅತಿಯಾಯಿತೇ ಎಂದು ತೂಗಿ ನೋಡುವುದು ಅದರ ಕರ್ತವ್ಯ. ನನ್ನ ಅಭಿಪ್ರಾಯದಲ್ಲಿ ನಿಮ್ಮ ಪ್ರಕರಣದಲ್ಲಿ ಇದು ದೊಡ್ಡ ಲೋಪ. ಇಷ್ಟು ವರ್ಷದ ಸೇವೆ ಕಸಿಯುವಾಗ ನಾಲ್ಕು ಕಾರಣ ಬರೆಯಲೇಬೇಕು.

ಮೇಲ್ಮನವಿ ಆದೇಶದ ದಿನಾಂಕದಿಂದ ಒಂದು ವರ್ಷದೊಳಗೆ ಮಂಡಳಿಗೆ ಅರ್ಜಿ ಹಾಕಬೇಕು. ತಡವಾದರೆ ತಕ್ಕ ಕಾರಣ ಕೊಟ್ಟು ಮನ್ನಿಸಲು ಕೇಳಬಹುದು, ಆದರೆ ಒಪ್ಪುವುದು ಬಿಡುವುದು ಮಂಡಳಿಗೆ ಸೇರಿದ್ದು. ನೀವು ದಿನಾಂಕ ಬರೆದಿಲ್ಲ. ಇವತ್ತೇ ಆದೇಶ ತೆಗೆದು ನೋಡಿ.