ವೋಟು ಒಂದು ದಿನ, ಸರ್ಕಾರ ಯಾವಾಗಲೋ

ಪ್ರಶ್ನೆ: ಬೆಲ್ಜಿಯಂನಲ್ಲಿ ಸಂಸತ್ ಚುನಾವಣೆ ಮುಗಿದರೂ ತಿಂಗಳುಗಟ್ಟಲೆ ಸರ್ಕಾರ ಬರಲ್ವಂತೆ. ಯಾಕೆ?
– ಓದುಗರೊಬ್ಬರು, ಧಾರವಾಡ

ಉತ್ತರ: ಅಲ್ಲಿ ಹೆಚ್ಚಿನ ಪಕ್ಷಗಳೇ ಭಾಷೆಯ ಮೇಲೆ ಬೇರೆಯಾಗಿವೆ. ಉತ್ತರದ ಫ್ಲಾಂಡರ್ಸ್‌ನಲ್ಲಿ ಡಚ್, ದಕ್ಷಿಣದ ವಲೋನಿಯಾದಲ್ಲಿ ಫ್ರೆಂಚ್, ಪೂರ್ವದ ಅಂಚಿನಲ್ಲಿ ಸ್ವಲ್ಪ ಜರ್ಮನ್. ಸಮಾಜವಾದಿಗಳಿಗೆ ಎರಡು ಪಕ್ಷ, ಉದಾರವಾದಿಗಳಿಗೂ ಎರಡು. ಡಚ್ ಕಡೆಯ ಆಂಟ್‌ವರ್ಪ್ ಊರಿನವರು ಫ್ರೆಂಚ್ ಕಡೆಯ ಲೀಜ್ ಊರಿನ ಅಭ್ಯರ್ಥಿಯನ್ನು ಎಷ್ಟು ಮೆಚ್ಚಿದರೂ ವೋಟು ಹಾಕುವಂತಿಲ್ಲ.

ಕೆಳಮನೆಯಲ್ಲಿ 150 ಸೀಟು. ಮಂತ್ರಿಮಂಡಲದಲ್ಲಿ, ಪ್ರಧಾನಿಯನ್ನು ಬಿಟ್ಟು, ಡಚ್ ಮತ್ತು ಫ್ರೆಂಚ್ ಮಂತ್ರಿಗಳು ಸಮಸಮ ಇರಬೇಕು. ಹಾಗಾಗಿ ಎರಡೂ ಕಡೆಯ ಪಕ್ಷಗಳು ಒಪ್ಪಿ ಸೇರಿದರೇ ಸರ್ಕಾರ; ಮಾತುಕತೆ ಎಳೆಯುತ್ತದೆ. 2010ರ ಜೂನ್ 13ರಂದು ಚುನಾವಣೆಯಾಯಿತು. ಸರ್ಕಾರ ಬಂದದ್ದು 541 ದಿನ ಕಳೆದು, 2011ರ ಡಿಸೆಂಬರ್‌ನಲ್ಲಿ!

ರಾಜಧಾನಿ ಬ್ರಸೆಲ್ಸ್‌ನಲ್ಲಿ ಮಾತ್ರ ಮತದಾರರಿಗೆ ಎರಡೂ ಕಡೆಯ ಅಭ್ಯರ್ಥಿಗಳ ಪಟ್ಟಿ ಸಿಗುತ್ತದೆ. ನಾನು ಅಲ್ಲಿದ್ದಾಗ ಪಕ್ಕದ ಮನೆಯ ಅಜ್ಜಿ ಮತದಾನದ ಕರೆಪತ್ರವನ್ನು ಫ್ರಿಜ್ ಬಾಗಿಲಿಗೆ ಅಂಟಿಸಿಟ್ಟಿದ್ದರು. ಅಲ್ಲಿ ವೋಟು ಕಡ್ಡಾಯ. ಅಜ್ಜಿ ಮಾತಾಡುತ್ತಿದ್ದದ್ದು ತಮ್ಮನ ಜೊತೆ ಡಚ್, ಮೊಮ್ಮಕ್ಕಳ ಜೊತೆ ಫ್ರೆಂಚ್. "ಯಾವ ಕಡೆಗೆ ಹಾಕ್ತೀರಿ?" ಎಂದು ಕೇಳಿದೆ. "ಎರಡೂ ನಮ್ಮವೇ ಅಲ್ವಾ?" ಎಂದರು. ಆ ಮಾತು ನನಗೆ ಇನ್ನೂ ನೆನಪಿದೆ.