ಕೈಯಲ್ಲಿ ಅಧಿಕಾರ ಇಲ್ಲದೆ ಆಫೀಸಿನಲ್ಲಿ ಬದಲಾವಣೆ ತರುವುದು ಹೇಗೆ?

ನಿಮ್ಮ ಕೈಕೆಳಗೆ ಯಾರೂ ಇಲ್ಲ, ಆದರೂ ತಂಡ ಕೆಲಸ ಮಾಡುವ ರೀತಿ ಬದಲಾಗಬೇಕು, ಏನು ಮಾಡಲಿ ಎಂದು ಕೇಳಿದ್ದೀರಿ. ಮೀಟಿಂಗ್‌ನಲ್ಲಿ ಹೇಳುವ ಮೊದಲು ಒಬ್ಬೊಬ್ಬರ ಹತ್ತಿರವೂ ಕೂತು ಮಾತಾಡಿ. ನಾನು ಇದನ್ನು ತಡವಾಗಿ ಕಲಿತೆ.

ನಾನು ಸಾಫ್ಟ್‌ವೇರ್ ಟೆಸ್ಟರ್. ಪ್ರತಿ ರಿಲೀಸ್‌ಗೂ, ಅಂದರೆ ಸಾಫ್ಟ್‌ವೇರ್‌ನ ಹೊಸ ಆವೃತ್ತಿ ಹೊರಬಿಡುವುದಕ್ಕೂ, ಮುಂಚೆ ಒಂದು ಚೆಕ್‌ಲಿಸ್ಟ್ ನೋಡಬೇಕು ಎಂದು ನನಗೆ ತುಂಬಾ ಅನಿಸುತ್ತಿತ್ತು. 14 ಅಂಶಗಳ ಪಟ್ಟಿ ಮಾಡಿ ನೇರವಾಗಿ ಮೀಟಿಂಗ್‌ನಲ್ಲೇ ತೋರಿಸಿದೆ. ಎಲ್ಲರೂ ಚೆನ್ನಾಗಿದೆ ಅಂದರು. ಒಬ್ಬರೂ ಬಳಸಲಿಲ್ಲ.

ಆಮೇಲೆ ರಾತ್ರಿ ಪಾಳಿಯಲ್ಲಿ ಸಪೋರ್ಟ್ ನೋಡುವವರ ಪಕ್ಕ ಹೋಗಿ ಕೂತೆ. ಯಾವ ರಿಲೀಸ್ ಆದ ಮೇಲೆ ಎಷ್ಟು ದೂರು ಬಂತು, ಯಾಕೆ ಬಂತು ಎಂದು ಇಬ್ಬರೂ ಸೇರಿ ಆರು ವಾರ ಬರೆದಿಟ್ಟೆವು. ಹೆಚ್ಚಿನವು ಅವೇ ಎರಡು ಮೂರು ತಪ್ಪುಗಳು. ಡೇಟಾಬೇಸ್ ಬದಲಾವಣೆ ಬಿಟ್ಟುಹೋಗಿರುತ್ತಿತ್ತು, ಇಲ್ಲವೇ ಸೆಟ್ಟಿಂಗ್ ಫೈಲ್ ಹಳೆಯದಾಗಿರುತ್ತಿತ್ತು.

ಆ ಹಾಳೆ ಹಿಡಿದು, ಯಾರು ಒಪ್ಪುವುದೇ ಇಲ್ಲ ಅಂದುಕೊಂಡಿದ್ದೆನೋ ಆ ಹಿರಿಯ ಡೆವಲಪರ್ ಹತ್ತಿರವೇ ಮೊದಲು ಹೋದೆ. ಒಪ್ಪಿಕೊಳ್ಳಿ ಅನ್ನಲಿಲ್ಲ. "ಸಾರ್, ಈ ಚೆಕ್‌ಲಿಸ್ಟ್ ಬಳಸಿದರೆ ನಿಮಗೆ ಎಲ್ಲಿ ತೊಂದರೆ ಆಗುತ್ತೆ?" ಎಂದು ಕೇಳಿದೆ. "ಪ್ರತಿ ಸಲ 40 ನಿಮಿಷ ಜಾಸ್ತಿ. ಡೆಡ್‌ಲೈನ್ ತಪ್ಪಿದರೆ ಬೈಸಿಕೊಳ್ಳೋದು ನಾನು, ಅಲ್ವಾ?" ಅಂದರು. ಅವರ ಮಾತು ಸರಿಯಾಗಿತ್ತು. ಇಬ್ಬರೂ ಕೂತು 14 ಅಂಶಗಳನ್ನು 4ಕ್ಕೆ ಇಳಿಸಿದೆವು. ಅದರಲ್ಲಿ ಎರಡಕ್ಕೆ ಅವರೇ ಸ್ಕ್ರಿಪ್ಟ್ (ಕೆಲಸವನ್ನು ತಾನಾಗಿಯೇ ಮಾಡುವ ಸಣ್ಣ ಪ್ರೋಗ್ರಾಂ) ಬರೆದರು. ಮುಂದಿನ ಮೀಟಿಂಗ್‌ನಲ್ಲಿ ವಿಷಯ ಎತ್ತಿದ್ದೂ ಅವರೇ. ಇದು ನನ್ನ ಐಡಿಯಾ ಎಂದು ನಾನು ಬಾಯಿ ಬಿಡಲಿಲ್ಲ. ಅಷ್ಟರಲ್ಲಿ ಅದು ನಿಜವಾಗಿಯೂ ಇಬ್ಬರದೂ ಆಗಿತ್ತು.

ಜಪಾನಿನ ಕಂಪನಿಗಳಲ್ಲಿ ಇಂಥ ತಯಾರಿಗೆ ‘ನೆಮವಾಶಿ’ ಅನ್ನುತ್ತಾರೆ. ಮೂಲತಃ ಅದು ತೋಟದ ಕೆಲಸದ ಮಾತು. ಮರವನ್ನು ಕಿತ್ತು ಬೇರೆ ಕಡೆ ನೆಡುವ ಮೊದಲು ಬೇರಿನ ಸುತ್ತ ಅಗೆದು ಅದನ್ನು ಅಣಿ ಮಾಡುವುದು.

1959ರಲ್ಲಿ ಫ್ರೆಂಚ್ ಮತ್ತು ರೇವನ್ ಎಂಬ ಮನಶ್ಶಾಸ್ತ್ರಜ್ಞರು ಒಬ್ಬರ ಮಾತು ನಡೆಯುವುದಕ್ಕೆ ಐದು ಮೂಲಗಳನ್ನು ಗುರುತಿಸಿದರು: ಹುದ್ದೆ, ಬಹುಮಾನ, ಶಿಕ್ಷೆ, ಪರಿಣತಿ, ಜನರಿಗೆ ನಿಮ್ಮ ಮೇಲಿರುವ ಅಭಿಮಾನ. ಕೊನೆಯ ಎರಡಕ್ಕೆ ಯಾರ ಆರ್ಡರ್ ಕೂಡ ಬೇಕಿಲ್ಲ. ಆದರೆ ಅಭಿಮಾನ ಕೆಲಸ ಬಿದ್ದಾಗ ಹುಟ್ಟುವುದಿಲ್ಲ. ನಿಮಗೆ ಏನೂ ಬೇಕಿಲ್ಲದ ದಿನಗಳಲ್ಲೂ ಬೇರೆಯವರ ಕಷ್ಟಕ್ಕೆ ಆಗಿರಬೇಕು.

ಇನ್ನೊಂದು ಮಾತು. ಮ್ಯಾನೇಜರ್‌ಗೆ ಇದನ್ನು ಮುಚ್ಚಿಡಬೇಡಿ. ಗುಟ್ಟಾಗಿ ಮಾತಾಡುತ್ತಾ ಹೋದರೆ ಗುಂಪು ಕಟ್ಟಿದ ಹಾಗೆ ಕಾಣುತ್ತದೆ. "ಇಂಥವರ ಹತ್ತಿರ ಅಭಿಪ್ರಾಯ ಕೇಳುತ್ತಿದ್ದೇನೆ" ಎಂದು ಶುರುವಿನಲ್ಲೇ ಹೇಳಿಬಿಡಿ.