ರಾತ್ರಿ ಬರೆಯಬೇಡಿ

ಪ್ರಶ್ನೆ: ಮೇಡಂ, ನನಗೆ 41 ವರ್ಷ. ಅಪ್ಪ ಕುಡಿದು ಬಂದು ಅಮ್ಮನಿಗೂ ನಮಗೂ ಬೆಲ್ಟಿನಲ್ಲಿ ಹೊಡೆಯುತ್ತಿದ್ದರು. ಅವರ ಬೈಕಿನ ಸದ್ದು ಕೇಳಿದರೆ ಸಾಕು, ಅಜ್ಜಿ ನಮ್ಮಿಬ್ಬರನ್ನು ಹಿತ್ತಲ ಕೊಟ್ಟಿಗೆಗೆ ಕಳಿಸಿಬಿಡುತ್ತಿದ್ದರು. ಹಸುವಿನ ಪಕ್ಕ ಕೂತಿರುತ್ತಿದ್ದೆವು. ಅಪ್ಪ ಹೋಗಿ ಆರು ವರ್ಷವಾಯಿತು. ಇದನ್ನೆಲ್ಲ ಬರೆಯೋಣ ಅಂತ ಎಲ್ಲರೂ ಮಲಗಿದ ಮೇಲೆ ಕೂರುತ್ತೇನೆ. ಎರಡು ಪುಟ ಆಗುವಷ್ಟರಲ್ಲಿ ಕೈ ನಡುಗುತ್ತದೆ, ಬೆಳಗಿನವರೆಗೂ ನಿದ್ದೆಯಿಲ್ಲ. ಅಣ್ಣ ‘ಸತ್ತವರ ಮಾನ ಯಾಕೆ ಹರಾಜು ಹಾಕ್ತೀಯ’ ಅನ್ನುತ್ತಾನೆ. ಬರೆಯಲೋ, ಬಿಡಲೋ?
– ಹೆಸರು ಬೇಡ, ಹಾಸನ

ಉತ್ತರ: ಬರೆಯಿರಿ. ಆದರೆ ರಾತ್ರಿ ಬೇಡ.

ನಾನೂ ಇದೇ ತಪ್ಪು ಮಾಡಿದ್ದೆ. ಒಂಬತ್ತನೇ ವಯಸ್ಸಿಗೆ ನನ್ನನ್ನೂ ಅಕ್ಕನನ್ನೂ ಓದಲೆಂದು ನೆಂಟರ ಮನೆಯಲ್ಲಿ ಬಿಟ್ಟಿದ್ದರು. ಅಲ್ಲಿ ಎದುರು ಮಾತಾಡಿದರೆ ಅಟ್ಟದ ಕೋಣೆ, ಕತ್ತಲು, ಅಡಿಕೆ ಮೂಟೆ. ಐವತ್ತು ದಾಟಿದ ಮೇಲೆ ಅದನ್ನು ಬರೆಯಲು ಕೂತೆ, ರಾತ್ರಿ ಹನ್ನೊಂದಕ್ಕೆ. ಮೂರನೇ ದಿನ ಕರೆಂಟ್ ಹೋಯಿತು ನೋಡಿ, ಕಿರುಚಿಕೊಂಡುಬಿಟ್ಟೆ. ಪಾಪ, ನಮ್ಮ ಮನೆಯವರು ಮೇಣದಬತ್ತಿ ಹುಡುಕಲು ಹೋಗಿ ಮಂಚಕ್ಕೆ ಕಾಲು ಜಜ್ಜಿಕೊಂಡರು.

ಆಮೇಲೆ ಕೌನ್ಸೆಲರ್ ಹತ್ತಿರ ಹೋದೆ. ‘ಹಗಲು ಬರೆಯಿರಿ, ಇಪ್ಪತ್ತೇ ನಿಮಿಷ. ಮುಗಿದ ತಕ್ಷಣ ಕೈಗೊಂದು ಕೆಲಸ ಕೊಡಿ’ ಅಂದರು. ನಾನು ನೋಟ್‌ಬುಕ್ ಮುಚ್ಚಿ ಮೆಂತ್ಯ ಸೊಪ್ಪು ಬಿಡಿಸುತ್ತಿದ್ದೆ. ಉಗುರಿಗೆ ಅಂಟಿದ ಆ ಕಹಿ ವಾಸನೆ ನನ್ನನ್ನು ಅಟ್ಟದಿಂದ ಅಡುಗೆಮನೆಗೆ ಇಳಿಸಿಕೊಂಡು ಬರುತ್ತಿತ್ತು. ಆ ವರ್ಷ ನಮ್ಮನೆಯಲ್ಲಿ ಮೆಂತ್ಯ ಪಲ್ಯ ಸ್ವಲ್ಪ ಜಾಸ್ತಿಯೇ ಆಯಿತು.

ಬರೆದ ಮೇಲೆ ಮನಸ್ಸು ಭಾರವಾದರೆ ಗಾಬರಿಯಾಗಬೇಡಿ. ಅಮೆರಿಕದ ಮನಶ್ಶಾಸ್ತ್ರಜ್ಞ ಜೇಮ್ಸ್ ಪೆನ್ನೆಬೇಕರ್ ಕಾಲೇಜು ಹುಡುಗ ಹುಡುಗಿಯರಿಂದ ದಿನಕ್ಕೆ 15 ನಿಮಿಷದಂತೆ ನಾಲ್ಕು ದಿನ ತಮ್ಮ ದೊಡ್ಡ ನೋವಿನ ಬಗ್ಗೆ ಬರೆಸಿದ್ದರು. 1986ರಲ್ಲಿ ಅದನ್ನು ಪ್ರಕಟಿಸಿದರು. ಬರೆದ ಕೂಡಲೇ ಅವರಿಗೆ ಇನ್ನಷ್ಟು ಸಂಕಟವಾಗಿತ್ತು. ಆದರೆ ನಡೆದದ್ದು, ಅನ್ನಿಸಿದ್ದು ಎರಡನ್ನೂ ಬರೆದವರು ಮುಂದಿನ ತಿಂಗಳುಗಳಲ್ಲಿ ಕಾಲೇಜಿನ ಆರೋಗ್ಯ ಕೇಂದ್ರಕ್ಕೆ ಹೋದದ್ದು ಕಡಿಮೆ. ಹಾಗಂತ ನಿಮ್ಮ ನಡುಕ, ನಿದ್ದೆಗೇಡು ಹಗಲು ಬರೆದರೂ ನಿಲ್ಲದಿದ್ದರೆ ಪೆನ್ನು ಕೆಳಗಿಡಿ. ಟೆಲಿ ಮಾನಸ್ ಅನ್ನುವ ಮಾನಸಿಕ ಆರೋಗ್ಯ ಸಹಾಯವಾಣಿಗೆ, ಅಂದರೆ 14416ಕ್ಕೆ ಫೋನ್ ಮಾಡಿ. ಸರ್ಕಾರದ್ದು, ದುಡ್ಡು ಕೊಡಬೇಕಿಲ್ಲ, ನಡುರಾತ್ರಿಯಲ್ಲೂ ಮಾಡಬಹುದು. ಕನ್ನಡದಲ್ಲೇ ಮಾತಾಡುತ್ತಾರೆ.

ಇನ್ನು ಅಣ್ಣನ ವಿಷಯ. ಬರೆಯುವುದು ಬೇರೆ, ಅಚ್ಚು ಹಾಕಿಸುವುದು ಬೇರೆ. ಎರಡನೆಯದನ್ನು ಈಗಲೇ ತೀರ್ಮಾನ ಮಾಡಬೇಕಿಲ್ಲ, ಅಲ್ವಾ? ನನ್ನ ಅಕ್ಕ ಹಸ್ತಪ್ರತಿ ಓದಿ ‘ಅಟ್ಟದ ಬಾಗಿಲಿಗೆ ಹೊರಗಡೆ ಚಿಲಕವೇ ಇರಲಿಲ್ಲ ಕಣೇ’ ಅಂದಳು. ನನಗೋ ಚಿಲಕ ಬಿದ್ದ ಸದ್ದು ಈಗಲೂ ಕೇಳುತ್ತದೆ. ಹೋಗಿ ನೋಡೋಣವೆಂದರೆ ಆ ಮನೆ ಕೆಡವಿ ಎಷ್ಟೋ ಕಾಲವಾಗಿದೆ. ಎರಡು ದಿನ ಅಕ್ಕನ ಜೊತೆ ಮಾತು ಬಿಟ್ಟೆ. ಆಮೇಲೆ ಅವಳ ಮಾತನ್ನೂ ಹಾಗೇ ಬರೆದು ಸೇರಿಸಿದೆ.

ಬೆಲ್ಟಿನಿಂದ ಶುರು ಮಾಡಬೇಡಿ. ಕೊಟ್ಟಿಗೆಯಿಂದ ಮಾಡಿ. ಗಂಜಲದ ವಾಸನೆ, ಕಳಿಸುವಾಗ ಅಜ್ಜಿ ಏನು ಹೇಳುತ್ತಿದ್ದರು, ಅಣ್ಣ ನಿಮ್ಮ ಯಾವ ಪಕ್ಕ ಕೂರುತ್ತಿದ್ದ. ನೀವು ಪತ್ರದಲ್ಲಿ ಹೇಳಲೇ ಇಲ್ಲ, ಆ ಹಸುವನ್ನು ಏನಂತ ಕರೆಯುತ್ತಿದ್ದಿರಿ?